ವಾರಿಜಳ ಕಡೆಯವರು

ಮುರಳಿಗೆ ಒಂದು ಪ್ರೇತದ ಕೊರತೆ ಇತ್ತು.

ಮೂಡಬಿದಿರೆಯಲ್ಲಿ ಉಳಿದದ್ದೆಲ್ಲ ಇತ್ತು. ಬಸದಿಗಳಿದ್ದವು, ಕೆರೆಗಳಿದ್ದವು, ಮುನಿಗಳ ಸಮಾಧಿಗಳಿದ್ದವು, ಹುಲಿ ಮತ್ತು ದನ ಜಗಳವಾಡದೆ ನಿಂತ ಕಥೆ ಇತ್ತು. ಇವನ್ನೆಲ್ಲ ಸೇರಿಸಿ ಅವನು ಭಾನುವಾರ ಸಂಜೆ ಬಸ್ ಸ್ಟ್ಯಾಂಡಿನಿಂದ ಹೊರಡುವ 'ಕಥಾ ನಡಿಗೆ' ಶುರು ಮಾಡಿದ್ದ. ಮಕ್ಕಳನ್ನು ಹಾಸ್ಟೆಲಿಗೆ ಬಿಡಲು ಬಂದ ದಾವಣಗೆರೆ, ಬೆಂಗಳೂರು ಕಡೆಯ ತಂದೆತಾಯಿಯರೇ ಗಿರಾಕಿಗಳು. ಅವರು ಬಸದಿಯ ಕಂಬಗಳ ನಡುವೆ ಆಕಳಿಸುತ್ತಿದ್ದರು. ಹೊರಗೆ ಬಂದು ಚಪ್ಪಲಿ ಹುಡುಕುವಾಗ ಮಾತ್ರ ಉತ್ಸಾಹದಿಂದ ಕೇಳುತ್ತಿದ್ದರು: "ಇಲ್ಲಿ ಭೂತದ ಕಥೆ ಯಾವುದೂ ಇಲ್ವಾ?"

ಆ ಪ್ರಶ್ನೆಗೆ ಮುರಳಿ ಹೆದರುತ್ತಿದ್ದ. ಘಟ್ಟದ ಮೇಲಿನವರಿಗೆ ಭೂತ ಎಂದರೆ ದೆವ್ವ. ಇಲ್ಲಿ ಭೂತ ಎಂದರೆ ದೈವ, ವರ್ಷಕ್ಕೊಮ್ಮೆ ಕೋಲ ಕೊಟ್ಟು ಮನೆಯ ನ್ಯಾಯ ಒಪ್ಪಿಸುವ ದೈವ. ಅದನ್ನು ಟಿಕೆಟ್ ಇಟ್ಟು ಹೇಳಿದರೆ ಸೊಂಟ ಮುರಿಯಲು ಜನ ಬರುತ್ತಾರೆ. ಅವನಿಗೆ ಬೇಕಾದದ್ದು ಯಾರ ಮನೆಗೂ ಸೇರದ, ಯಾರೂ ಕೇಳಿಕೊಂಡು ಬಾರದ ಒಂದು ಪ್ರೇತ.

ತುರ್ತೂ ಇತ್ತು. ಬಿ.ಎ. ಮುಗಿಸಿ ನಾಲ್ಕು ವರ್ಷ ಕಳೆದಿತ್ತು. ಆ ವರ್ಷ, ಎರಡು ಸಾವಿರದ ನಾಲ್ಕರಲ್ಲಿ, ವಾಮದಪದವಿನಲ್ಲಿದ್ದ ಅವನ ಅಪ್ಪ ಖಡಾಖಂಡಿತ ಹೇಳಿಬಿಟ್ಟಿದ್ದರು: ಮಳೆಗಾಲದ ನಡುವಿನ ಆಟಿ ತಿಂಗಳು, ಅಂದರೆ ಆಷಾಢ, ಕಳೆಯುವುದರೊಳಗೆ ಈ ನಡಿಗೆಗೆ ಪಂಚಾಯತಿನ ಮನ್ನಣೆ ಸಿಗದಿದ್ದರೆ ಮಾವನ ಗೊಬ್ಬರದ ಅಂಗಡಿಯಲ್ಲಿ ಕೂರಬೇಕು. ಪಂಚಾಯತಿನ ಸಮಿತಿಯಲ್ಲಿದ್ದ ನಿವೃತ್ತ ಮಾಸ್ಟ್ರು ಶಿವಸುಬ್ರಹ್ಮಣ್ಯರು ಒಂದು ದಿನ ಬಂದು ನೋಡುತ್ತೇನೆ, ಜನ ಸೇರುವುದು ಕಂಡರೆ ಪತ್ರ ಕೊಡಿಸುತ್ತೇನೆ ಅಂದಿದ್ದರು.

ಪ್ರೇತ ಹುಟ್ಟಿದ್ದು ಹನೀಫಾನ ಜ್ಯೂಸ್ ಅಂಗಡಿಯಲ್ಲಿ. ಹನೀಫಾ ಕಾಲೇಜಿನಿಂದಲೂ ಮುರಳಿಯ ಜೊತೆಗಾರ.

"ಹೆಸರು ಹೇಳು," ಅವನು ಲಿಂಬೆ ಹಿಂಡುತ್ತ ಕೇಳಿದ.

"ವಾರಿಜಾ."

"ಹೇಗೆ ಸತ್ತಳು?"

"ಪೇಟೆಯ ಹಿಂದಿನ ಸಣ್ಣ ಕೆರೆ ಉಂಟಲ್ಲ, ಅದಕ್ಕೆ ಬಿದ್ದು. ಇಪ್ಪತ್ತು ವರ್ಷದ ಹಿಂದೆ. ಮದುವೆಗೆ ಎಂಟು ದಿನ ಇತ್ತು. ಪ್ರಾಯ ಹದಿನೇಳು."

"ಹದಿನೆಂಟಾದರೂ ಮಾಡು ಮಾರಾಯ. ಇಲ್ಲದಿದ್ದರೆ ಅವಳ ಅಪ್ಪನ ಮೇಲೆ ಕೇಸಾಗ್ತದೆ."

ಹದಿನೆಂಟಾಯಿತು. ಕತ್ತಲಾಗುವ ಹೊತ್ತಿಗೆ ಕೆರೆಯಲ್ಲಿ ಬಳೆಯ ಸದ್ದು ಕೇಳುತ್ತದೆ ಎಂಬುದನ್ನು ಸೇರಿಸಿದವನು ಹನೀಫಾ. ಮುಂದಿನ ಭಾನುವಾರ ಕೆರೆಯ ಮೆಟ್ಟಿಲ ಮೇಲೆ ಮುರಳಿ ಕಥೆ ಹೇಳಿ ಮುಗಿಸಿದಾಗ ದಾವಣಗೆರೆಯ ಹೆಂಗಸೊಬ್ಬರು ಗಂಡನ ತೋಳು ಹಿಡಿದುಕೊಂಡರು. ಬಸದಿಯ ಬಗ್ಗೆ ಆಮೇಲೆ ಯಾರೂ ಕೇಳಲಿಲ್ಲ.

ಸೇಸಮ್ಮ ಬಂದದ್ದು ಅದರ ಮುಂದಿನ ವಾರ. ಬೆಳುವಾಯಿಯವರು, ಅರವತ್ತರ ಆಸುಪಾಸು, ಕೈಯಲ್ಲಿ ಉದ್ದ ಹಿಡಿಯ ಕೊಡೆ. ಊರಿನವರು ಟಿಕೆಟ್ ತೆಗೆದು ಊರಿನ ಕಥೆ ಕೇಳುವುದಿಲ್ಲ, ಮುರಳಿಗೆ ಅಲ್ಲೇ ಅನುಮಾನ ಬಂತು. ಆಕೆ ಬಸದಿಯ ಕಡೆ ಕಣ್ಣೆತ್ತಲಿಲ್ಲ. ಕೆರೆಯ ಹತ್ತಿರ ಮಾತ್ರ ಮುಂದೆ ಬಂದು ನಿಂತರು. ಕಥೆ ಮುಗಿದಾಗ ಹೆದರಲಿಲ್ಲ, ನಗಲೂ ಇಲ್ಲ.

"ಹುಡುಗಿ ನಮ್ಮವರಾ ಭಟ್ರೇ?" ಅಂದರು.

ಕೇಳುವವರಿಗೆ ಖುಷಿಯಾಗಲಿ ಎಂದು ಮುರಳಿ, "ಹೌದು, ನಿಮ್ಮ ಜಾತಿಯವರೇ," ಅಂದ.

"ಮನೆ ಎಲ್ಲಿ?"

"ಇಲ್ಲಿಯೇ ಇತ್ತು. ಈಗ ಬೆಳ್ತಂಗಡಿ ಹತ್ತಿರ ಲಾಯಿಲದಲ್ಲಿ ಇದ್ದಾರಂತೆ."

ಎರಡನೆಯ ವಾರವೂ ಬಂದರು, ತಮ್ಮ ವೆಂಕಪ್ಪನನ್ನು ಕರೆದುಕೊಂಡು. ವೆಂಕಪ್ಪ ಮಾತಾಡುವ ಜನ ಅಲ್ಲ. ಕೆರೆಯನ್ನು ಒಂದು ಸುತ್ತು ಬಂದು ಮುರಳಿಯನ್ನು ತಲೆಯಿಂದ ಕಾಲಿನವರೆಗೆ ನೋಡಿದ.

"ಅವಳದ್ದು ಯಾವ ಬರಿ?" ಸೇಸಮ್ಮ ಕೇಳಿದರು.

ಬರಿ ಎಂದರೆ ತಾಯಿಯಿಂದ ಮಕ್ಕಳಿಗೆ ಬರುವ ಕುಲದ ಹೆಸರು. ಮುರಳಿಗೆ ಗೊತ್ತಿದ್ದದ್ದು ಗೋತ್ರ. ಬರಿಯ ಬಗ್ಗೆ ಅವನಿಗೆ ಗೊತ್ತಿದ್ದದ್ದು ಇಷ್ಟೇ: ಒಂದೇ ಬರಿಯವರು ಸಂಬಂಧಿಕರಾಗುತ್ತಾರೆ. ತಕ್ಷಣ ಅವನಿಗೆ ಎಲ್ಲ ಹೊಳೆದ ಹಾಗಾಯಿತು. ಆ ಕೆರೆಯಲ್ಲಿ ಯಾವಾಗಲೋ ನಿಜವಾಗಿಯೂ ಯಾರೋ ಬಿದ್ದು ಸತ್ತಿರಬೇಕು. ಇವರು ಆ ಮನೆಯವರು. ನಮ್ಮ ಹುಡುಗಿಯ ಮಾನ ಕಳೆದೆ ಎಂದು ಪಂಚಾಯತಿಗೆ ದೂರು ಕೊಡಲು ಬಂದಿದ್ದಾರೆ.

"ನಿಮ್ಮದು ಯಾವುದು ಅಕ್ಕ?" ಅವನು ಉಪಾಯದಿಂದ ಕೇಳಿದ.

"ನಮ್ಮದು ಸಾಲ್ಯಾನ್."

"ಹಾಗಾದರೆ ನಿಮಗೆ ಸಂಬಂಧ ಇಲ್ಲ. ಅವಳದ್ದು ಬಂಗೇರ." ಪೇಟೆಯ ಒಂದು ಕ್ಲಿನಿಕ್ಕಿನ ಬೋರ್ಡಿನಲ್ಲಿ ಕಂಡ ಹೆಸರು ಅದು.

ಸೇಸಮ್ಮನ ಮುಖ ಸಡಿಲವಾಯಿತು. ಅಕ್ಕ ತಮ್ಮ ಒಬ್ಬರನ್ನೊಬ್ಬರು ನೋಡಿಕೊಂಡರು. ತಪ್ಪಿಸಿಕೊಂಡೆ ಎಂದುಕೊಂಡ ಮುರಳಿ.

ಮರುದಿನ ಬೆಳಿಗ್ಗೆ ಕೆರೆಯ ಮೆಟ್ಟಿಲ ಮೇಲೆ, ಅವನು ಕಥೆ ಹೇಳುವ ಜಾಗದಲ್ಲೇ, ಒಂದು ಜೊತೆ ಹಸಿರು ಗಾಜಿನ ಬಳೆ ಇತ್ತು. ಹೊಸದು. ಒಂದು ವೀಳ್ಯದೆಲೆಯ ಮೇಲೆ ಇಟ್ಟಿತ್ತು.

"ನೀನಾ ಇಟ್ಟದ್ದು?" ಹನೀಫಾನನ್ನು ಕೇಳಿದ.

"ನನ್ನ ಹೆಂಡತಿ ರಶೀನಾಳಿಗೆ ಬಳೆ ತಂದುಕೊಡಲಿಕ್ಕೆ ಪುರುಸೊತ್ತಿಲ್ಲ, ನಿನ್ನ ವಾರಿಜಳಿಗೆ ತರ್ತೇನಾ?" ಹನೀಫಾ ನಕ್ಕ. "ಅವಳೇ ಬಿಚ್ಚಿಟ್ಟು ಸ್ನಾನಕ್ಕೆ ಇಳಿದದ್ದಾಗಿರಬೇಕು."

ಮುರಳಿ ನಗಲಿಲ್ಲ. ಇದು ತನ್ನ ವಿರುದ್ಧ ಸಾಕ್ಷಿ ಹುಟ್ಟಿಸುವ ಕೆಲಸ ಎಂದೇ ಅವನಿಗನ್ನಿಸಿತು. ನಾಳೆ ಮಾಸ್ಟ್ರು ಬಂದಾಗ ಯಾರೋ ಇದನ್ನು ತೋರಿಸಿ, ಜನರಿಗೆ ಮೋಸ ಮಾಡಲು ಇವನೇ ಇಟ್ಟದ್ದು ಅನ್ನುತ್ತಾರೆ. ಅಥವಾ ಮಾಟ. ಅವನು ವೀಳ್ಯದೆಲೆಯನ್ನು ಕಡ್ಡಿಯಿಂದ ದೂಡಿ, ಬಳೆಗಳನ್ನು ಕರವಸ್ತ್ರದಲ್ಲಿ ಹಿಡಿದು ಕೆರೆಗೆ ಎಸೆದ. ಎಸೆದ ಮೇಲೆ ಅಲ್ಲಿ ನಿಲ್ಲಲಿಲ್ಲ. ತಾನೇ ಹುಟ್ಟಿಸಿದ ಪ್ರೇತಕ್ಕೆ ತಾನೇ ಹೆದರುವುದು ನಾಚಿಕೆಯ ವಿಷಯ. ಅದನ್ನು ಅವನು ಹನೀಫಾನಿಗೂ ಹೇಳಲಿಲ್ಲ.

ಮೂರನೆಯ ಭಾನುವಾರ ಸೇಸಮ್ಮ ಕಥೆ ಕೇಳಲೇ ಇಲ್ಲ. ನೇರ ಮೆಟ್ಟಿಲಿಗೆ ಹೋಗಿ, ಬಗ್ಗಿ, ಬಳೆ ಇದ್ದ ಜಾಗ ನೋಡಿದರು. ನೀರಿಗೆ ಕೈಮುಗಿದು, ಯಾರ ಹತ್ತಿರವೂ ಮಾತಾಡದೆ ಹೋದರು. ಮುರಳಿ ಆ ವಾರ ಸರಿಯಾಗಿ ಊಟ ಮಾಡಲಿಲ್ಲ.

ಆಟಿಯ ನಡುವಿನ ಭಾನುವಾರ ಶಿವಸುಬ್ರಹ್ಮಣ್ಯ ಮಾಸ್ಟ್ರು ಬಂದರು. ಮಳೆ ಬಿಟ್ಟಿತ್ತು, ಜನ ಚೆನ್ನಾಗಿ ಸೇರಿದ್ದರು. ಮಾಸ್ಟ್ರು ಬಸದಿಯಲ್ಲಿ ಎರಡು ಇಸವಿ ತಿದ್ದಿ, ಸಂತೋಷದಿಂದಲೇ ಕೆರೆಯವರೆಗೆ ನಡೆದರು. ಅಲ್ಲಿ ಸೇಸಮ್ಮ, ವೆಂಕಪ್ಪ, ಇನ್ನಿಬ್ಬರು ಹೆಂಗಸರು ಮೊದಲೇ ಬಂದು ನಿಂತಿದ್ದರು. ಹೆಂಗಸರ ಕೈಯಲ್ಲಿ ಹರಿವಾಣ, ಹರಿವಾಣದಲ್ಲಿ ಮಡಿಸಿದ ಸೀರೆ, ತೆಂಗಿನಕಾಯಿ, ನಾರಿನಲ್ಲಿ ಕಟ್ಟಿದ ಮಲ್ಲಿಗೆಯ ಅಟ್ಟೆ.

"ಭಟ್ರೇ, ಲಾಯಿಲದಲ್ಲಿ ಮನೆ ಸಿಗಲಿಲ್ಲ," ಸೇಸಮ್ಮ ಅಂದರು. "ಎರಡು ಸಲ ಹೋದೆವು. ಬಂಗೇರರು ಇದ್ದಾರೆ, ವಾರಿಜಾ ನಮ್ಮವಳು ಅನ್ನುವವರು ಯಾರೂ ಇಲ್ಲ. ನೀವೇ ಒಮ್ಮೆ ಜೊತೆಗೆ ಬರಬೇಕು."

"ನಾನು ಯಾಕೆ? ನೀವಾದರೂ ಯಾಕೆ ಹುಡುಕುವುದು?"

"ಹೆಣ್ಣು ಕೇಳಲಿಕ್ಕೆ."

ಗಿರಾಕಿಗಳು ಇದೂ ಕಥೆಯ ಭಾಗವೆಂದು ಹತ್ತಿರ ಬಂದರು.

ಸೇಸಮ್ಮ ನಿಧಾನವಾಗಿ, ಶಾಲೆಯ ಕನ್ನಡದಲ್ಲಿ ಹೇಳಿದರು. ಅವರ ದೊಡ್ಡ ಮಗ ಲೋಕಯ್ಯ ಇಪ್ಪತ್ತನೆಯ ವರ್ಷಕ್ಕೆ ಹೊಳೆಯಲ್ಲಿ ಮುಳುಗಿ ಹೋಗಿದ್ದ, ಮದುವೆಯಾಗದೆ. ಈಗ ಅವನ ತಂಗಿ ಜಲಜಾಕ್ಷಿಗೆ ಬೆಳ್ತಂಗಡಿಯ ಸಂಬಂಧ ಕುದುರಿತ್ತು. ಜೋಯಿಸರ ಹತ್ತಿರ ಪ್ರಶ್ನೆ ಇಟ್ಟು ಕೇಳಿದಾಗ, ಅಣ್ಣ ದಾರಿಗೆ ಅಡ್ಡ ಕೂತಿದ್ದಾನೆ, ಅವನಿಗೊಂದು ಹೆಣ್ಣು ತಂದು ಕುಲೆಮದುವೆ ಮಾಡಿ, ಆಮೇಲೆ ಇವಳದ್ದು ಎಂದು ಬಂತು. ಕುಲೆಮದುವೆ, ಸತ್ತವನಿಗೆ ಸತ್ತವಳನ್ನು ತರುವ ಮದುವೆ. ಬದುಕಿದವರ ಶುಭಕಾರ್ಯಕ್ಕೆ ಆಗದ ಆಟಿ ತಿಂಗಳು ಇದಕ್ಕೆ ಆಗುತ್ತದೆ. ಬೆಳ್ತಂಗಡಿಯವರು ಈ ಆಟಿಯವರೆಗೆ ಕಾಯುತ್ತೇವೆ, ಆಚೆಗೆ ಇಲ್ಲ ಅಂದಿದ್ದರು.

"ಜಾತಿ ಒಂದೇ ಆಗಬೇಕು, ಬರಿ ಬೇರೆ ಆಗಬೇಕು," ಸೇಸಮ್ಮ ಅಂದರು. "ನೀವು ಬಂಗೇರ ಅಂದಿರಿ. ಬಳೆ ಇಟ್ಟು ಹೋದೆ. ಇಷ್ಟ ಇಲ್ಲದಿದ್ದರೆ ಅಲ್ಲೇ ಬಿಡು ಮಗಳೇ, ಇದ್ದರೆ ತಗೋ ಅಂತ ಹೇಳಿ ಇಟ್ಟದ್ದು. ತಗೊಂಡಳು."

ಮುರಳಿ ಕೆರೆಯನ್ನು ನೋಡಿದ.

"ಬಂಟ್ವಾಳದಲ್ಲಿ ಇನ್ನೊಂದು ಹೆಣ್ಣು ಇತ್ತು," ವೆಂಕಪ್ಪ ಮೊದಲ ಸಲ ಬಾಯಿ ಬಿಟ್ಟ. "ತೊಟ್ಟಿಲಲ್ಲೇ ಹೋದ ಮಗು. ಅವರು ಒಪ್ಪಿದ್ದರು. ಬಳೆ ಹೋದ ಮೇಲೆ ಅಕ್ಕ ಅವರಿಗೆ ಬೇಡ ಅಂತ ಹೇಳಿ ಕಳಿಸಿದಳು."

"ಇವಳು ಪ್ರಾಯಕ್ಕೆ ಸರಿ ಉಂಟು," ಸೇಸಮ್ಮ ಅಂದರು. "ಇಬ್ಬರೂ ನೀರಿಗೆ ಹೋದವರು. ಹೊಂದಿಕೊಂಡು ಹೋಗ್ತಾರೆ."

ಮುರಳಿಗೆ ಮಾಸ್ಟ್ರು ಪಕ್ಕದಲ್ಲೇ ನಿಂತಿರುವುದು ಗೊತ್ತಿತ್ತು. ವಾರಿಜಳ ಮನೆಯವರೆಲ್ಲ ಮುಂಬಯಿಗೆ ಹೋದರು ಎಂದು ಒಂದು ಮಾತು ಹೇಳಿದರೆ ಇವತ್ತು ಮುಗಿಯುತ್ತಿತ್ತು, ಪತ್ರ ಸಿಗುತ್ತಿತ್ತು. ಆದರೆ ಇವರು ಮುಂಬಯಿಗೂ ಹೋಗುವ ಜನ. ಅವನು ಸೇಸಮ್ಮನನ್ನು ಬದಿಗೆ ಕರೆದ.

"ಅಕ್ಕ, ವಾರಿಜಾ ಅಂತ ಯಾರೂ ಇಲ್ಲ. ನಾನು ಕಟ್ಟಿದ ಕಥೆ. ಬಂಟ್ವಾಳದವರಿಗೆ ಈಗಲೇ ಫೋನ್ ಮಾಡಿ. ಎಸ್.ಟಿ.ಡಿ. ಬೂತಿಗೆ ಹೋಗುವ, ಬನ್ನಿ."

ಸೇಸಮ್ಮ ಅವನ ಮುಖವನ್ನು ಬಹಳ ಹೊತ್ತು ನೋಡಿದರು. ಇಷ್ಟು ವಾರ ಅವನು ಅವರನ್ನು ನೋಡಿದ್ದ ನೋಟ ಅದು.

"ಯಾರು ಹೇಳಿಕೊಟ್ಟದ್ದು?"

"ಯಾರೂ ಇಲ್ಲ."

"ಹುಡುಗಿ ಕಡೆಯವರು ನಿಮ್ಮನ್ನು ಕಂಡಿದ್ದಾರೆ. ಅಲ್ಲವಾ? ಬೆಳುವಾಯಿಯವರಿಗೆ ಕೊಡುವುದಿಲ್ಲ ಅಂದಿದ್ದಾರೆ."

"ಕಡೆಯವರೇ ಇಲ್ಲ ಅಕ್ಕ. ಹುಡುಗಿಯೇ ಇಲ್ಲ."

"ಹಾಗಾದರೆ ಬಳೆ ತಗೊಂಡದ್ದು ಯಾರು?"

"ನಾನು ಕೆರೆಗೆ ಎಸೆದೆ."

"ಕೆರೆಗೆ," ಸೇಸಮ್ಮ ಅಂದರು. "ಅವಳು ಇರುವುದು ಮತ್ತೆ ಎಲ್ಲಿ?"

ಮುರಳಿ ಅಂಗಡಿಗೆ ಓಡಿ ಹನೀಫಾನನ್ನು ಕರೆತಂದ. ಹನೀಫಾ ಕೈ ಒರೆಸಿಕೊಳ್ಳುತ್ತ, "ಹೌದು ಅಕ್ಕ, ನನ್ನ ಅಂಗಡಿಯಲ್ಲಿ ಕೂತು ಮಾಡಿದ್ದು. ಹದಿನೆಂಟು ಅಂತ ಹೇಳಿದ್ದೇ ನಾನು," ಅಂದ. ವೆಂಕಪ್ಪ ಅವನ ಹತ್ತಿರ ಬಂದು, "ನಿಮಗೂ ಹೇಳಿಕೊಟ್ಟಿದ್ದಾರಾ?" ಅಂದ.

ಬಂಟ್ವಾಳಕ್ಕೆ ಫೋನ್ ಮಾಡಿದವನು ಕೊನೆಗೆ ಮುರಳಿಯೇ. ಆ ಮಗುವಿಗೆ ಪೊಳಲಿ ಕಡೆಯ ಗಂಡು ಸಿಕ್ಕಿ, ಹಿಂದಿನ ದಿನ ಮದುವೆ ಮುಗಿದಿತ್ತು. ಅವನು ಬೂತಿನಿಂದ ಹಿಂದೆ ಬರುವಾಗ ಮಾಸ್ಟ್ರು ದಾರಿಯಲ್ಲೇ ಸಿಕ್ಕಿದರು.

"ಸುಳ್ಳು ಹೇಳಿ ಜನ ಸೇರಿಸಿದ್ದಾ ನೀನು?" ಅಂದರು. ಉತ್ತರಕ್ಕೆ ನಿಲ್ಲಲಿಲ್ಲ.

ಸೇಸಮ್ಮ ಮತ್ತೆರಡು ಸಲ ಲಾಯಿಲಕ್ಕೆ ಹೋಗಿ ಬಂದರಂತೆ. ಆಟಿ ಕಳೆಯಿತು. ಬೆಳ್ತಂಗಡಿಯವರು ಬೇರೆ ಕಡೆ ಹೆಣ್ಣು ನೋಡಿದರು. ಮುರಳಿ ಗೊಬ್ಬರದ ಅಂಗಡಿಯಲ್ಲಿ ಕೂತ. ಬೆಳುವಾಯಿಯಲ್ಲಿ ಮಾತ್ರ, ಹುಡುಗಿ ಒಪ್ಪಿದ್ದಳು, ಅವಳ ಕಡೆಯವರು ಬಿಡಲಿಲ್ಲ ಎಂದೇ ಜನ ಹೇಳುತ್ತಿದ್ದರು.

ಹೋದದ್ದು ಇಷ್ಟು: ಸತ್ತ ಅಣ್ಣನ ಎರಡು ಹೆಣ್ಣು, ಬದುಕಿರುವ ತಂಗಿಯ ಒಂದು ಗಂಡು, ಒಂದು ಕೆಲಸ, ಒಂದು ಜೊತೆ ಹಸಿರು ಬಳೆ.