ನಲವತ್ತೊಂದು ಕೊಲೆ ಮಾಡಿದ ಎಕಾರ್ಟ್

ನಮ್ಮಣ್ಣ ಎಕಾರ್ಟ್ ಈವರೆಗೆ ನಲವತ್ತೊಂದು ಕೊಲೆ ಮಾಡಿದ್ದಾನೆ. ವಿಷ, ಕೊಡಲಿ, ದಿಂಬು, ಒಂದು ಸಲ ಟ್ರ್ಯಾಕ್ಟರ್. ಎಲ್ಲ ಟೀವಿಯಲ್ಲಿ ಅನ್ನಿ. ಕೂಡಿದ ಹುಬ್ಬು, ಒಳಗೆ ಹೋದ ಕೆನ್ನೆ. ಆ ಮುಖದಿಂದಲೇ ಮೂವತ್ತನಾಲ್ಕು ವರ್ಷ ಹೊಟ್ಟೆ ಹೊರೆದ. ರಕ್ತ ಪರೀಕ್ಷೆಯ ಸೂಜಿ ಕಂಡರೆ ತಲೆ ತಿರುಗಿ ಬೀಳುವ ಆಸಾಮಿ! ಆದರೂ ಜರ್ಮನಿಯ ಬೋಖುಮ್ ಊರಿನ ನಮ್ಮ ಬೀದಿಯ ಮಾಂಸದಂಗಡಿಯವಳು ಅವನು ಬಂದ ಕೂಡಲೇ ಚಾಕು ಆಚೆ ಸರಿಸಿಟ್ಟು ಮಾತಾಡಿಸುತ್ತಾಳೆ.

ನಾನು ಅವನ ತಂಗಿ ರೋಸ್ವಿತಾ, ಮೂಲೆಯ ಬಿಯರ್ ಅಂಗಡಿ ನನ್ನದು. ಭಾನುವಾರ ಸಂಜೆ ಎಂಟೂಕಾಲಿಗೆ ಪತ್ತೇದಾರಿ ಕತೆ ಶುರುವಾದರೆ ಇಲ್ಲಿ ಯಾರೂ ಪಿಟಿಕ್ಕೆನ್ನುವಂತಿಲ್ಲ. ಅರ್ಧ ಗಂಟೆಯಾದ ಮೇಲೆ ನಾನು ಗಂಟೆ ಬಾರಿಸುತ್ತೇನೆ. ಎಲ್ಲರೂ ಲೋಟದ ಕೆಳಗಿನ ರಟ್ಟಿನ ಬಿಲ್ಲೆಯ ಹಿಂದೆ ಕೊಲೆಗಾರನ ಹೆಸರು ಬರೆದುಕೊಡಬೇಕು. ಸರಿಯಾಗಿ ಬರೆದವರಿಗೆ ಒಂದು ಲೋಟ ಪುಕ್ಕಟೆ. ಪೊಲೀಸರ ಪಾತ್ರದವರನ್ನು ಬಿಟ್ಟು, ಬೇರೆ ಕತೆಗಳಲ್ಲಿ ಮೊದಲೇ ನೋಡಿದ ಮುಖ ಯಾರದೋ ಅವನೇ ಕೊಲೆಗಾರ ಅನ್ನುವುದು ನಮ್ಮ ಜನರ ಲೆಕ್ಕಾಚಾರ. ಹಾಗಾಗಿ ಎಕಾರ್ಟ್ ಟೀವಿಯಲ್ಲಿ ಬಂದ ದಿನ ನನ್ನ ಪೀಪಾಯಿ ಖಾಲಿ.

ಎಂಬತ್ತೇಳರ ನಮ್ಮಮ್ಮ ಹೆಡ್ವಿಗ್ ಮಾತ್ರ ಒಂಬತ್ತು ವರ್ಷದಿಂದ ಅವನ ಕತೆ ನೋಡುವುದನ್ನೇ ಬಿಟ್ಟಿದ್ದಳು. "ಹೆತ್ತ ಮಗನ ಕೈಗೆ ಬೇಡಿ ಹಾಕೋದನ್ನ ಎಷ್ಟು ಸಲ ನೋಡ್ಲಿ? ನಂಗೂ ಕರುಳಿದೆ" ಅನ್ನುವಳು. ಈ ಸಲ ಎಕಾರ್ಟ್ ಅವಳ ಕಾಲಬಳಿ ಕೂತು ಗೋಗರೆದ.

"ಅಮ್ಮಾ, ಈ ಸಲ ನಾನು ಕೊಂದಿಲ್ಲ. ಕೊನೇತನಕ ಕೂತ್ಕೋ, ಅಷ್ಟು ಸಾಕು."

"ಹಿಂದೇನೂ ಹೀಗೇ ಅಂದಿದ್ದೆ."

ಅದು ನಿಜ. ಹಿಂದೆ ಎರಡು ಸಲ ಅವನು ನಿರಪರಾಧಿಯಾಗಿಯೇ ನಟಿಸಿ ಬಂದಿದ್ದ. ಆಮೇಲೆ ಕತೆ ತೆಗೆಯುವ ಮಹಾನುಭಾವರು ದೃಶ್ಯಗಳಿಗೆ ಕತ್ತರಿ ಆಡಿಸಿ ಅವನನ್ನೇ ಕೊಲೆಗಾರ ಮಾಡಿಟ್ಟಿದ್ದರು. ಈ ಸಲ ಏನು ಮಾಡಿದ್ದಾರೋ ಅವನಿಗೂ ಗೊತ್ತಿರಲಿಲ್ಲ. ಮುಂದಿನ ವರ್ಷ ನಿವೃತ್ತಿ ಬೇರೆ.

ಭಾನುವಾರ ಅಮ್ಮ ಅವನ ಜೊತೆ ಅಂಗಡಿಗೆ ಬಂದಳು. ಈ ಸಲದ ಕತೆಯಲ್ಲಿ ಎಕಾರ್ಟ್ ಈಜುಕೊಳದ ಕಾವಲುಗಾರ. ಈಜು ಕಲಿಸುವವಳು ನೀರಲ್ಲಿ ಹೆಣವಾಗಿದ್ದಾಳೆ. ಗಂಟೆ ಬಾರಿಸಿ ಬಿಲ್ಲೆಗಳನ್ನು ಓದಿದೆ. ಇಪ್ಪತ್ತಮೂರಕ್ಕೆ ಇಪ್ಪತ್ತಮೂರೂ "ಎಕಾರ್ಟ್". ಕೊನೆಯದರ ಅಕ್ಷರ ನಡುಗಿತ್ತು.

"ಅಮ್ಮಾ, ನೀನೂನಾ?" ಅಂದ ಅವನು.

"ಮುಖ ನೋಡಿ ಬರೆದೆ ಕಣೋ. ನಾನೇ ಹೆತ್ತಿದ್ದು, ಏನ್ ಮಾಡ್ಲಿ?"

ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಅವನು ನಗಲಿಲ್ಲ. ಅಡುಗೆಮನೆಗೆ ಹೋಗಿ ನಲ್ಲಿ ತಿರುಗಿಸಿ ನನ್ನ ಲೋಟ ತೊಳೆಯತೊಡಗಿದ. 

ಕತೆಯ ಕೊನೆಗೆ ಪೊಲೀಸ್ ಅಧಿಕಾರಿಣಿ ಬೇಡಿ ಹಿಡಿದು ನೇರ ಎಕಾರ್ಟ್‌ನ ಕಡೆಗೇ ನಡೆದಳು. ಅಮ್ಮ ಎದ್ದುಬಿಟ್ಟಳು.

"ರೋಸ್ವಿತಾ, ನನ್ನ ಕೋಟು ಕೊಡೇ."

ನನಗೆ ರೇಗಿತು. "ಕೂತ್ಕೋ ಅಮ್ಮಾ! ಒಂದ್ಸಲ ಅವನ ಮಾತು ಕೇಳು!" ಅಂತ ಭುಜ ಹಿಡಿದು ಕೂರಿಸಿದೆ.

ಅಧಿಕಾರಿಣಿ ಅವನನ್ನು ದಾಟಿ ಹೋಗಿ ಹಿಂದೆ ನಿಂತಿದ್ದ ಕೊಳದ ವ್ಯವಸ್ಥಾಪಕನಿಗೆ ಬೇಡಿ ಹಾಕಿದಳು. ಆಮೇಲೆ ತಿರುಗಿ, "ನೀವು ಮನೆಗೆ ಹೋಗಬಹುದು" ಅಂದಳು. ಪರದೆಯ ಮೇಲೆ ಎಕಾರ್ಟ್ ಟೋಪಿ ತೆಗೆದು, ಬೆಂಚಿನ ಮೇಲೆ ಕುಸಿದು, ಮಗುವಿನ ಹಾಗೆ ಅತ್ತ. ಅಷ್ಟು ಚೆನ್ನಾಗಿ ಅವನು ನಟಿಸಿದ್ದನ್ನು ನಾನು ನೋಡೇ ಇರಲಿಲ್ಲ.

"ಮೋಸ! ಶುದ್ಧ ಮೋಸ!" ಅಂತ ಟ್ರಾಮ್ ಓಡಿಸುತ್ತಿದ್ದ ಮುದುಕ ವಿಟ್ಕೋವ್ಸ್ಕಿ ಕೂಗಿದ.

"ಬಾಯ್ಮುಚ್ಚಯ್ಯಾ!" ಅಮ್ಮ ಊರುಗೋಲಿನಿಂದ ಮೇಜು ಬಡಿದಳು. ಆಮೇಲೆ ಅಡುಗೆಮನೆಯ ಕಡೆ ಗಂಟಲು ಹರಿಯುವ ಹಾಗೆ ಕೂಗಿದಳು: "ಎಕಾರ್ಟ್! ನೀನು ಮನೆಗೆ ಹೋಗ್ಬೋದಂತೆ ಕಣೋ!"

ಅವನು ಒದ್ದೆ ಕೈಯಲ್ಲೇ ಬಂದು ಅವಳ ಪಕ್ಕ ಕೂತ. ಅಮ್ಮ ಅವನ ಎರಡೂ ಕೈ ಎಳೆದು ಮಡಿಲಲ್ಲಿಟ್ಟುಕೊಂಡು, ಕೊರಳಿನ ವಸ್ತ್ರದಿಂದ ಮಣಿಕಟ್ಟುಗಳನ್ನು ನಿಧಾನವಾಗಿ ಒರೆಸಿದಳು. ಒಣಗಿದ ಮೇಲೂ ಒರೆಸುತ್ತಲೇ ಇದ್ದಳು.