ಜಗಲಿಯುದ್ದದ ನಡಿಗೆ

ಕ್ಯಾಮರಾ ಬಾಡಿಗೆ ಎಂಟು ಸಾವಿರ, ಊಟ-ಚಾ ಎರಡು ಸಾವಿರ. ಕ್ಯಾಮರಾ ಇಟ್ಟು ಹಳಿಯ ಮೇಲೆ ಓಡಿಸುವ ಟ್ರಾಲಿಗೆ ಮಂಗಳೂರಿನವರು ಇನ್ನೂ ಆರು ಸಾವಿರ ಕೇಳಿದಾಗ ಶ್ರವಣ್ ಅದನ್ನು ಕೈಬಿಟ್ಟ. ಹತ್ತು ಸಾವಿರವನ್ನೂ ಕೊಟ್ಟವನು ಗುರುವಾಯನಕೆರೆಯಲ್ಲಿ ಹೋಟೆಲು ನಡೆಸುವ ಜಿತೇಶ್. ನೆರೆಮನೆಯ ಹುಡುಗ ಶ್ರವಣನ ಮೊದಲ ಕಿರುಚಿತ್ರ, ಅದರಲ್ಲಿ ತನ್ನ ಹೆಂಡತಿ ನಿಖಿತಾಳೇ ನಾಯಕಿ. ಇಲ್ಲ ಅನ್ನುವುದು ಹೇಗೆ? ಚಿತ್ರೀಕರಣ ಬೆಳುವಾಯಿಯ ಹಳೆ ಮನೆಯೊಂದರಲ್ಲಿ. ಹೋಟೆಲು ಬಿಟ್ಟು ಹೋಗಲಾಗದೆ ಅವಳ ಜೊತೆಗೆ ತನ್ನ ತಾಯಿ ಕಾಂತಿಯನ್ನು ಕಳಿಸಿದ್ದ.

ಸಿದ್ಧವಾದ ಚಿತ್ರವನ್ನು ಶ್ರವಣ್ ಹೋಟೆಲಿಗೇ ತಂದು ತೋರಿಸಿದ. ಮಿಕ್ಕವರನ್ನೆಲ್ಲ ಕ್ಯಾಮರಾ ಅಂಗಳದಲ್ಲೇ ನಿಂತು ದೂರದಿಂದ ನೋಡುತ್ತಿತ್ತು. ನಿಖಿತಾ ಜಗಲಿಯ ತುದಿಯಲ್ಲಿ ಅಕ್ಕಿ ಆರಿಸುತ್ತ ಕುಳಿತಾಗ ಮಾತ್ರ ಅದು ಅವಳತ್ತ ಹೊರಟಿತು. ಕಂಬಗಳು ಒಂದೊಂದಾಗಿ ಹಿಂದೆ ಸರಿದವು. ಅವಸರವಿಲ್ಲ, ನಡುಕವಿಲ್ಲ, ಅವಳು ಬೆಚ್ಚಬಾರದೆಂದು ಬಲ್ಲವರ ನಡಿಗೆ. ಕೊನೆಯ ಕಂಬ ದಾಟುವಾಗ ಅವಳು ತಲೆಯೆತ್ತಿ ನಕ್ಕಳು. ಮಾತೊಂದೂ ಇಲ್ಲದೆ ಎಲ್ಲ ಹೇಳಿದ ಹಾಗಿತ್ತು.

ಜಿತೇಶನ ಹೊಟ್ಟೆಗೆ ಕಿಚ್ಚು ಬಿತ್ತು. ಶ್ರವಣ್ ಇಷ್ಟು ಮೆಲ್ಲಗೆ ಅವಳ ಬಳಿಗೆ ನಡೆದದ್ದು ಯಾಕೆ? ತನಗೆ ಎಂದೂ ಸಿಗದ ನಗು ಇವನಿಗೆ ಸಿಕ್ಕಿದ್ದು ಹೇಗೆ? ಮನೆಯಲ್ಲಿ ಯಾರನ್ನೂ ಕೇಳಲು ಬಾಯಿ ಬರಲಿಲ್ಲ.

"ಆ ಜಗಲಿದು ಬೇಡ, ಕಟ್ ಮಾಡು," ಎಂದ ಮರುದಿನ.

"ಅದು ಹೋದರೆ ಕಥೆಯೇ ಇಲ್ಲ ಜಿತೇಶಣ್ಣ."

"ದುಡ್ಡು ಯಾರದ್ದು?"

ಶ್ರವಣ್ ಅವನ ಮುಖವನ್ನೇ ನೋಡಿದ. ಅರ್ಥವಾಯಿತು. ಆ ದೃಶ್ಯವನ್ನು ಕತ್ತರಿಸಿದ.

ಮೂಡುಬಿದಿರೆಯಲ್ಲಿ ಕಿರುಚಿತ್ರಗಳ ಸ್ಪರ್ಧೆ. ಮನೆಯವರೆಲ್ಲ ಹೋದರು. ತಮ್ಮ ಚಿತ್ರ ಮುಗಿದದ್ದೇ ಕಾಂತಿ ಮಗನ ಕಡೆಗೆ ತಿರುಗಿದರು.

"ಇದೆಂತ ಮಾರಾಯ, ನಾನು ದೂಡಿದ್ದೆಲ್ಲಿ?"

ಟ್ರಾಲಿ ಇಲ್ಲವೆಂದು ಶ್ರವಣನನ್ನು ಕ್ಯಾಮರಾ ಸಮೇತ ಗೊಬ್ಬರ ಸಾಗಿಸುವ ಕೈಗಾಡಿಯಲ್ಲಿ ಕೂರಿಸಿದ್ದರಂತೆ. ಹುಡುಗರು ದೂಡಿದರೆ ಗಾಡಿ ಕುಣಿಯುತ್ತಿತ್ತಂತೆ. ಕೊನೆಗೆ ಕಾಂತಿಯೇ ಹಿಡಿದರಂತೆ. ಅತ್ತೆ ಸೆರಗು ಸಿಕ್ಕಿಸಿಕೊಂಡು, ಉಸಿರು ಬಿಗಿಹಿಡಿದು ಬರುವುದನ್ನು ಕಂಡೇ ಸೊಸೆ ನಕ್ಕದ್ದು.

"ತೆಗೆಸಿದ್ದು ನೀವಾ?" ನಿಖಿತಾ ಕೇಳಿದಳು.

ಜಿತೇಶ್ ಹೌದೆಂದು ತಲೆಯಾಡಿಸಿದ. ಯಾಕೆ ಎಂದು ಅವಳು ಕೇಳಲಿಲ್ಲ.

ಬಹುಮಾನ ಬೇರೆಯವರಿಗೆ ಹೋಯಿತು. ಶ್ರವಣ್ ಮದುವೆ ವಿಡಿಯೋ ಮಾಡಿ ಹತ್ತು ಸಾವಿರವನ್ನೂ ತಿರುಗಿ ಕೊಟ್ಟ. ಜಿತೇಶನಿಗೆ ಕಾಸಿನ ನಷ್ಟವಾಗಲಿಲ್ಲ. ಹೋದದ್ದು ನಿಖಿತಾಳ ಸಲಿಗೆ. ಈಗ ಎಲ್ಲಿಗೆ ಹೊರಟರೂ ಅವನನ್ನು ಕೇಳಿಯೇ ಹೋಗುತ್ತಾಳೆ. ಬಂದ ಮೇಲೆ ಏನೂ ಹೇಳುವುದಿಲ್ಲ.