ಸಂಗಮ್ಮನ ಪಾಳಿ

“ಇದು ಯಾರಿಗೆ?” ಎಂದು ಕರುಣಮ್ಮ ಮೂರನೇ ಸಲ ಕೇಳಿದಳು. ಪರಾತದಲ್ಲಿ ಹಿಟ್ಟು ಕಲಸುತ್ತಿದ್ದ ಅವಳ ಕೈ ನಿಂತಿತ್ತು.

ಅವಳ ಗಂಡ ದೇವಪುತ್ರ ಅಡುಗೆಮನೆಯ ಬಾಗಿಲಿಗೆ ಒರಗಿ ನಾಳಿನ ಆರಾಧನೆಯ ಪ್ರಸಂಗದ ಹಾಳೆಗಳನ್ನು ಸುರುಳಿ ಸುತ್ತುತ್ತ, ಮತ್ತೆ ಬಿಚ್ಚುತ್ತ ನಿಂತಿದ್ದ. “ಹೇಳಿದ್ನೆಲ್ಲ, ಒಂದು ಇರ್ಲಿ ಅಂತ. ಆಕಿ ಮೊದಲ್ನೇ ಸಲ ಮಾಡಾಕತ್ತಾಳ. ಸುಟ್ಟುಗಿಟ್ಟು ಹೋದ್ರ?”

“ಸಂಗಮ್ಮಕ್ಕ ನಲವತ್ತು ವರ್ಷ ರೊಟ್ಟಿ ಬಡದಾಕಿ. ಆಕಿ ರೊಟ್ಟಿ ಸುಟ್ಟು ಹೋಗತೈತಿ ಅಂತ ನನ್ನ ಮುಂದ ಹೇಳ್ತೀರಲ್ರಿ. ಸಭಾದಾಗ ಹೇಳಬ್ಯಾಡ್ರಿ, ನಕ್ಕಾರು.”

ಅವಳು ಮತ್ತೆ ಕಲಸತೊಡಗಿದಳು. ಗೋಧಿ ಹಿಟ್ಟು ತೀರಿತ್ತು, ಮೈದಾದಲ್ಲೇ ಮಾಡುತ್ತಿದ್ದಳು. ಹಿಟ್ಟನ್ನು ಪರಾತಕ್ಕೆ ಕುಕ್ಕುವ ಸದ್ದಿನಲ್ಲೇ ಅವಳ ಸಿಟ್ಟು ಕೇಳಿಸುತ್ತಿತ್ತು.

ಸಿಂಧನೂರಿನ ಕಾಲುವೆ ದಂಡೆಯ ತಗಡಿನ ಸೂರಿನ ಕ್ರೈಸ್ತ ಸಭೆಯಲ್ಲಿ ಇಪ್ಪತ್ಮೂರು ಕುಟುಂಬಗಳಿದ್ದವು. ತಿಂಗಳ ಮೊದಲ ಭಾನುವಾರ ಕರ್ತನ ಭೋಜನ, ಯೇಸುವಿನ ನೆನಪಿಗೆ ಒಂದೇ ರೊಟ್ಟಿಯನ್ನು ಮುರಿದು ಹಂಚಿಕೊಳ್ಳುವುದು. ಉಪ್ಪು ಹುಳಿ ಇಲ್ಲದ, ತಟ್ಟೆಯಗಲದ ದಪ್ಪ ರೊಟ್ಟಿಯನ್ನು ಒಂದೊಂದು ತಿಂಗಳು ಒಂದೊಂದು ಮನೆಯವರು ತರಬೇಕು. ಪಾಳಿಯ ಪಟ್ಟಿಯನ್ನು ಸಭೆಯ ಪಾದ್ರಿ ದೇವಪುತ್ರನೇ ಬರೆದು ಗೋಡೆಗೆ ಅಂಟಿಸಿದ್ದ. ಇಪ್ಪತ್ಮೂರನೆಯ ಹೆಸರು ಸಂಗಮ್ಮನದು. ಎರಡು ವರ್ಷದ ಹಿಂದೆ ಅದೇ ಕಾಲುವೆಯಲ್ಲಿ ಅವಳಿಗೆ ದೀಕ್ಷಾಸ್ನಾನ ಮಾಡಿಸಿದವನೂ ಅವನೇ. ಹೆಸರು ಬರೆಯುವಾಗ ಅದೊಂದು ದಿನ ಬರುತ್ತದೆಂದು ಅವನಿಗೆ ಗೊತ್ತಿತ್ತು. ಆದರೆ ಇಪ್ಪತ್ಮೂರು ತಿಂಗಳು ಬಹಳ ದೂರ ಅನ್ನಿಸಿತ್ತು.

ಅಂದು ಬೆಳಿಗ್ಗೆ ಸಭೆಯ ಹಿರಿಯ ಯೋನಪ್ಪ, ದೇವಪುತ್ರ ಗುಮಾಸ್ತನಾಗಿದ್ದ ಗೊಬ್ಬರದ ಅಂಗಡಿಗೇ ಬಂದಿದ್ದ. ಲೈನ್‌ಮನ್ ಕೆಲಸದಿಂದ ನಿವೃತ್ತನಾದವನು, ತುರ್ವಿಹಾಳದ ಕಡೆಯ ಆರು ಮನೆಗಳಿಗೆ ಅವನ ಮಾತೇ ಮಾತು.

“ಅಯ್ಯೋರ, ನಾಳೆ ಬೇಕರಿ ಬ್ರೆಡ್ ತರಿಸಿದ್ರ ಹ್ಯಾಂಗ? ಎಲ್ಲಾರಿಗೂ ಹಗೂರ.”

“ಪಾಳಿ ಸಂಗಮ್ಮಂದು ಐತೆಲ್ರಿ ಹಿರೇರ.”

“ನಂದೇನೂ ಇಲ್ರಿ. ನಾ ಕಲ್ಲು ಕೊಟ್ರೂ ತಿಂತೀನಿ. ಹೆಣ್ಮಕ್ಳು ಅಂತಾರ. ಬಸ್‌ಸ್ಟ್ಯಾಂಡಿನ ಪಾಯಖಾನಿ ತೊಳೆಯೋ ಕೈಯಿ. ಜಾತಿ ಮಾತಲ್ಲ ಇದು, ಸ್ವಚ್ಛತಾ ಮಾತು.” ಯೋನಪ್ಪ ಗೊಬ್ಬರದ ಚೀಲದ ಮೇಲೆ ಕುಳಿತು ಕಾಲು ಚಾಚಿದ. “ಅಂದಂಗ ನಮ್ಮ ಕಡೀ ಆರು ಮನಿಯವ್ರಿಗೆ ನಾಳೆ ಲಿಂಗಸುಗೂರಿನ್ಯಾಗ ಮದಿವಿ ಐತಂತ. ಬರ್ತಾರೋ ಇಲ್ಲೋ.”

“ಯಾರ ಮದಿವಿರಿ?”

“ಯಾರದ್ದರೇ ಇರತೈತೆಲ್ರಿ, ಸೀಜನ್ನು.”

ಇದೇ ಯೋನಪ್ಪ ಪ್ರತಿ ವರ್ಷ ಸಭೆಯ ಮುಂದೆ ತನ್ನ ನಂಬಿಕೆಯ ಸಾಕ್ಷಿ ಹೇಳಲು ನಿಂತಾಗ ಮಸ್ಕಿಯ ಒಂದು ಚಹಾ ಹೋಟೆಲಿನ ಕಥೆ ಹೇಳುತ್ತಿದ್ದ. ಅವನ ಅಪ್ಪನಿಗಾಗಿ ಗೋಡೆಯ ಹೊರಗಿನ ಗೂಡಿನಲ್ಲಿ ಬೇರೆ ಗ್ಲಾಸು ಇಡುತ್ತಿದ್ದರು, ಕುಡಿದು ತಾನೇ ತೊಳೆದಿಡಬೇಕಿತ್ತು. ಅದನ್ನು ಕೇಳುತ್ತ ಸಭೆಯಲ್ಲಿ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಆ ಗ್ಲಾಸನ್ನು ನೆನಪಿಸಬೇಕೆಂದು ದೇವಪುತ್ರನ ನಾಲಿಗೆಯ ತುದಿಗೆ ಬಂತು. ಬಂದದ್ದು ಅಲ್ಲೇ ನಿಂತಿತು. ಅವನು ಯೂರಿಯಾದ ಚೀಟಿ ಬರೆಯುತ್ತ, “ನೋಡೂಣ್ರಿ” ಎಂದ. ಎಂದು, ಪೆನ್ನನ್ನು ಕಾಗದ ಹರಿಯುವಷ್ಟು ಒತ್ತಿದ.

ಬೈಬಲಿನ ಪಾಠವನ್ನು ಅವನು ಕಲಿತದ್ದು ಅಂಗಡಿ ಮುಚ್ಚಿದ ಮೇಲೆ, ಸಂಜೆಯ ತರಗತಿಯಲ್ಲಿ. ಮನುಷ್ಯ ಸ್ವಭಾವದ ಬಗ್ಗೆ ಮೇಷ್ಟ್ರು ಒಂದು ವಾರ ಪೂರ್ತಿ ಹೇಳಿದ್ದರು: ಒಳ್ಳೆಯದು ಯಾವುದೆಂದು ತಿಳಿಯದೆ ಮನುಷ್ಯ ಕೆಡುವುದಿಲ್ಲ, ತಿಳಿದಿದ್ದೂ ಅವನ ಕೈ ಬೇರೆ ಕಡೆಗೆ ಹೋಗುತ್ತದೆ. ಆ ಪರೀಕ್ಷೆಯಲ್ಲಿ ದೇವಪುತ್ರನಿಗೆ ಎಪ್ಪತ್ತೆಂಟು ಅಂಕ ಬಂದಿತ್ತು.

ಭಾನುವಾರ ಸಂಗಮ್ಮ ಎಲ್ಲರಿಗಿಂತ ಮೊದಲೇ ಬಂದಿದ್ದಳು. ಮಡಿಕೆ ಬಿಚ್ಚಿದ ಗೆರೆ ಕಾಣುವ ಹಸಿರು ಸೀರೆ, ಕಂಕುಳಲ್ಲಿ ಹೊಸ ಸ್ಟೀಲ್ ಡಬ್ಬಿ. ಮುಚ್ಚಳದ ಮೇಲೆ ಅಂಗಡಿಯ ಚೀಟಿ ಇನ್ನೂ ಅಂಟಿಕೊಂಡಿತ್ತು. ಬಾಗಿಲಲ್ಲೇ ಡಬ್ಬಿ ತೆಗೆದು ಕರುಣಮ್ಮನಿಗೆ ತೋರಿಸಿದಳು. ರೇಷನ್ನಿನ ಗೋಧಿಯನ್ನು ಗಿರಣಿಯಲ್ಲಿ ಬೀಸಿಸಿ ಮಾಡಿದ ರೊಟ್ಟಿ, ದಪ್ಪಗೆ, ಕಂದಾಗಿ, ನಡುವೆ ಹೆಂಚಿನ ಚುಕ್ಕೆಗಳಿದ್ದವು. ಒಳಗೆ ಬರುತ್ತಿದ್ದ ಹೆಂಗಸರೆಲ್ಲ ಇಣುಕಿ ನೋಡಿಯೇ ಮುಂದೆ ಹೋದರು.

“ಉಪ್ಪು ಹಾಕಿಲ್ರಿ ಅಯ್ಯೋರ, ನೀವು ಹೇಳಿದಂಗ. ನಿನ್ನೆ ಕೆಲಸಕ್ಕ ರಜಾ ಹಾಕಿದ್ದೆ. ಆ ಕೆಲಸ ಮಾಡಿ ಬಂದು ಇದನ್ನ ಮುಟ್ಟೂದು ಬ್ಯಾಡ ಅಂತ ನನಗ ಅನಿಸ್ತು.”

“ಹಂಗೇನಿಲ್ಲ ಸಂಗಮ್ಮ,” ಎಂದ ದೇವಪುತ್ರ.

“ಇಲ್ರಿ, ನನಗ ಅನಿಸ್ತು.” ಅವಳು ನಕ್ಕಳು. “ಇವತ್ತು ಮುಂದಿನ ಸಾಲಿನ್ಯಾಗ ಕುಂದರ್ತೀನಿ. ನೀವು ಮ್ಯಾಲೆ ಎತ್ತಿ ಮುರೀತೀರೆಲ್ಲ, ಅದನ್ನ ನೋಡಬೇಕು. ಬಾಗಿಲ ಹಂತ್ಯಾಕ ಕುಂತ್ರ ಬರೇ ಬೆನ್ನು ಕಾಣ್ತಾವ.”

ಒಂಬತ್ತೂವರೆಗೆ ಯೋನಪ್ಪ ಬಂದ. ಹಿಂದೆಯೇ ಟಂಟಂ ಆಟೊ ತುಂಬ ಅವನ ಕಡೆಯ ಆರೂ ಮನೆಯವರು ಇಳಿದರು. ಮದುವೆ ಏನಾಯಿತೆಂದು ಯಾರೂ ಕೇಳಲಿಲ್ಲ. ಯೋನಪ್ಪ ಮುಂದೆ ಕುಳಿತು ದೇವಪುತ್ರನತ್ತ ಒಮ್ಮೆ ನೋಡಿ, ಮೇಜಿನತ್ತ ಒಮ್ಮೆ ನೋಡಿ ಕಣ್ಣು ಮುಚ್ಚಿಕೊಂಡ. ಅವನ ಹೆಂಡತಿ ಸಂಗಮ್ಮನ ಪಕ್ಕದಿಂದ ಚಾಪೆಯನ್ನು ಒಂದು ಗೇಣು ಸರಿಸಿಕೊಂಡಳು, ಫ್ಯಾನಿನ ಗಾಳಿ ಬರುವುದಿಲ್ಲವೆಂದು.

ಹಾಡು ನಡೆಯುತ್ತಿದ್ದಾಗ ದೇವಪುತ್ರ ಪಕ್ಕದ ಸಣ್ಣ ಕೋಣೆಗೆ ಹೋದ. ಹಾರ್ಮೋನಿಯಂ ಪೆಟ್ಟಿಗೆಯ ಮೇಲೆ ಎರಡು ರೊಟ್ಟಿಗಳಿದ್ದವು. ಒಂದು ಸಂಗಮ್ಮನ ಡಬ್ಬಿಯಲ್ಲಿ, ಇನ್ನೊಂದು ಅವನ ಚೀಲದಲ್ಲಿ. ಅವಳದನ್ನು ಎತ್ತಿದರೆ ಆರು ಮನೆಗಳು ಎದ್ದು ಹೋಗುತ್ತವೆ, ಮುಂದಿನ ವಾರ ಇನ್ನೂ ನಾಲ್ಕು. ತಗಡಿನ ಸಭೆ ಕಟ್ಟಲು ಹನ್ನೊಂದು ವರ್ಷ ಹಿಡಿದಿತ್ತು. ತನ್ನ ಮನೆಯದನ್ನು ಎತ್ತಿದರೆ ಮುಂದಿನ ಸಾಲಿನಲ್ಲಿ ಕುಳಿತ ಆ ಹಸಿರು ಸೀರೆ. ಯಾಕೆ ಯಾವಾಗಲೂ ತನಗೇ ಇದು ಬರಬೇಕು? ತಲೆ ಚಚ್ಚಿಕೊಳ್ಳುವಷ್ಟು ಸಿಟ್ಟು ಬಂತು. ಯೋನಪ್ಪನ ಮೇಲೆ, ಪಟ್ಟಿಯ ಮೇಲೆ, ಒಂದು ಮಾತು ಹೇಳಲೂ ಹೆದರುವ ತನ್ನ ಮೇಲೆ.

ಆಗ ಅವನಿಗೆ ಒಂದು ಉಪಾಯ ಹೊಳೆಯಿತು. ಎರಡನ್ನೂ ಮುರಿದು ಒಂದೇ ತಟ್ಟೆಯಲ್ಲಿ ಬೆರೆಸಿಬಿಟ್ಟರೆ? ಯಾರ ಮನೆಯದೆಂದು ಯಾರಿಗೂ ತಿಳಿಯುವುದಿಲ್ಲ. ಬೇಡವೆನ್ನಲು ಯಾರಿಗೂ ನೆಪವಿಲ್ಲ. ಬೆರೆಯುವುದೇ ಅಲ್ಲವೇ ಕ್ರಿಸ್ತನ ದೇಹವೆಂದರೆ? ಅದು ದೇವರೇ ಕೊಟ್ಟ ಉಪಾಯವೆಂದು ಅರ್ಧ ನಂಬಿದ. ಬೆರಳುಗಳು ಗಡಿಬಿಡಿಯಲ್ಲಿ ಮುರಿದವು. ಕಿಟಕಿಯಿಲ್ಲದ ಕೋಣೆಯಲ್ಲಿ ಎಲ್ಲ ತುಣುಕುಗಳೂ ಒಂದೇ ಬಣ್ಣವಾಗಿ ಕಂಡವು. ಮೇಲೆ ಬಿಳಿ ಬಟ್ಟೆ ಮುಚ್ಚಿದ.

ಪ್ರಸಂಗದಲ್ಲಿ ಅವನು ಕ್ರಿಸ್ತನ ದೇಹದ ಬಗ್ಗೆ ಹೇಳಿದ. ಕಣ್ಣು ಕೈಗೆ ನೀನು ಬೇಡವೆನ್ನಲಾಗದು, ತಲೆ ಕಾಲಿಗೆ ಹಾಗೆನ್ನಲಾಗದು. ಹೆಚ್ಚು ಮುಚ್ಚಿಡುವ ಅಂಗಕ್ಕೇ ಹೆಚ್ಚು ಮಾನ ಎಂದು ಬರೆದುಕೊಂಡಿದ್ದ ಪ್ಯಾರಾವನ್ನು ಓದದೆ ಹಾಳೆ ಮಗುಚಿದ. ಯೋನಪ್ಪ ಎರಡು ಸಲ “ಆಮೆನ್” ಎಂದ.

ಎತ್ತುವ ಹೊತ್ತು ಬಂದಾಗ ದೇವಪುತ್ರ ರೊಟ್ಟಿಯ ಬದಲು ಬಟ್ಟೆ ಮುಚ್ಚಿದ ತಟ್ಟೆಯನ್ನೇ ಎತ್ತಿದ. ಸಂಗಮ್ಮ ಕತ್ತು ಚಾಚಿದ್ದಳು. ತಟ್ಟೆ ಇಳಿದ ಮೇಲೂ ಅವಳ ಕತ್ತು ಹಾಗೇ ಇತ್ತು, ಇನ್ನೇನೋ ಆಗಲಿಕ್ಕಿದೆ ಎಂಬಂತೆ.

ಅವನು ಬಟ್ಟೆ ತೆಗೆದು ಗಂಡಸರ ಸಾಲಿಗೆ ಬಂದ. ತೆರೆದ ಬಾಗಿಲಿನ ಬಿಸಿಲು ತಟ್ಟೆಗೆ ಬಿತ್ತು. ಮೈದಾದ ತುಣುಕುಗಳು ಬೆಳ್ಳಗೆ, ಗೋಧಿಯ ತುಣುಕುಗಳು ಕಂದಾಗಿ, ಅಕ್ಕಿಯಲ್ಲಿ ಹುರುಳಿ ಬೆರೆಸಿದ ಹಾಗೆ ಬೇರೆ ಬೇರೆ ಕಂಡವು.

“ಕ್ರಿಸ್ತನ ದೇಹ,” ಎಂದ ದೇವಪುತ್ರ.

ಯೋನಪ್ಪನ ಬೆರಳುಗಳು ತಟ್ಟೆಯ ಮೇಲೆ ಒಂದು ಕ್ಷಣ ನಿಂತವು. ಬಿಳಿಯದೊಂದನ್ನು ಹಿಡಿದವು.

“ಕ್ರಿಸ್ತನ ದೇಹ.” ಬಿಳಿಯದು. “ಕ್ರಿಸ್ತನ ದೇಹ.” ಕಂದು ತುಣುಕಿನ ಕೆಳಗಿದ್ದ ಬಿಳಿಯದನ್ನು ಉಗುರಿನಿಂದ ಎಳೆದುಕೊಂಡದ್ದು. ಯಾರೂ ಏನೂ ಅನ್ನಲಿಲ್ಲ, ಯಾರ ಮುಖವೂ ಕಠಿಣವಾಗಿರಲಿಲ್ಲ. ಎಲ್ಲರೂ ಭಕ್ತಿಯಿಂದಲೇ ತಲೆ ಬಾಗಿಸಿದ್ದರು. ಬೆರಳುಗಳು ಮಾತ್ರ ಆರಿಸುತ್ತಿದ್ದವು. ಕಣ್ಣಿಗೆ ಪೊರೆ ಬಂದ ಮುದುಕ ಮಾನಪ್ಪನೊಬ್ಬನೇ ತಡವಿ ಸಿಕ್ಕಿದ್ದನ್ನು ತೆಗೆದುಕೊಂಡ. ಅದು ಕಂದು.

ಹೆಂಗಸರ ಮುಂದಿನ ಸಾಲಿಗೆ ಬಂದಾಗ ದೇವಪುತ್ರನ ದನಿ ಅವನಿಗೇ ಕೇಳುತ್ತಿರಲಿಲ್ಲ. ಸಂಗಮ್ಮ ತಟ್ಟೆಯನ್ನು ನೋಡಿದಳು. ಅವಳ ಕೈ ತನ್ನ ರೊಟ್ಟಿಯ ತುಣುಕಿನ ಮೇಲೆ ಇಳಿದು, ಪಕ್ಕದವಳ ಅಂಗೈಯತ್ತ ಕಣ್ಣು ಹೋಗಿ, ಹಿಂದಕ್ಕೆ ಬಂತು. ಅವಳೂ ಬಿಳಿಯದನ್ನೇ ತೆಗೆದುಕೊಂಡಳು. ಕೊನೆಯ ಸಾಲಿನಲ್ಲಿ ಕರುಣಮ್ಮ ಕಂದು ತುಣುಕು ತೆಗೆದುಕೊಂಡು ಗಂಡನ ಮುಖ ನೋಡಿದಳು. ಅವನು ತಟ್ಟೆ ನೋಡಿದ.

ದ್ರಾಕ್ಷಾರಸವನ್ನು ಸಣ್ಣ ಪ್ಲಾಸ್ಟಿಕ್ ಕಪ್ಪುಗಳಲ್ಲಿ ಕೊಟ್ಟರು. ಮೊದಲು ಎಲ್ಲರೂ ಕುಡಿಯುತ್ತಿದ್ದ ಒಂದೇ ಬಟ್ಟಲನ್ನು ಕೊರೋನಾ ಕಾಲದಲ್ಲಿ ಕಪಾಟಿನೊಳಗೆ ಇಟ್ಟವರು ಮತ್ತೆ ಹೊರಗೆ ತೆಗೆದಿರಲಿಲ್ಲ.

ಆರಾಧನೆ ಮುಗಿದ ಮೇಲೆ ಯೋನಪ್ಪ ದೇವಪುತ್ರನ ಕೈ ಹಿಡಿದು ಕುಲುಕಿದ. “ಚೊಲೊ ತಲಿ ಓಡಿಸಿದ್ರಿ ಅಯ್ಯೋರ. ಯಾರಿಗೂ ಬ್ಯಾಸರಿಲ್ಲ.” ಟಂಟಂ ಹೊರಟು ಹೋಯಿತು.

ಮುರಿದ ರೊಟ್ಟಿಯನ್ನು ಚೆಲ್ಲುವಂತಿಲ್ಲ, ಮನೆಗೆ ಒಯ್ಯುವಂತಿಲ್ಲ. ಉಳಿದದ್ದನ್ನು ಸಭೆಯಲ್ಲೇ ಪಾದ್ರಿ ತಿಂದು ಮುಗಿಸಬೇಕು. ಬೇರೆ ತಿಂಗಳು ನಾಲ್ಕೈದು ತುಣುಕು ಉಳಿಯುತ್ತಿದ್ದವು. ಇವತ್ತು ಹೆಚ್ಚುಕಡಿಮೆ ಒಂದು ಇಡೀ ರೊಟ್ಟಿ. ಅವನು ಚಾಪೆಯ ಮೇಲೆ ಕುಳಿತು ಒಂದೊಂದೇ ಬಾಯಿಗೆ ಹಾಕಿಕೊಂಡ. ಗೋಧಿ ಚೆನ್ನಾಗಿ ಬೆಂದಿತ್ತು, ರುಚಿಯಾಗಿತ್ತು. ಅದೇ ಅವನನ್ನು ಹೆಚ್ಚು ಕೆರಳಿಸಿತು. ಬೇಗ ಮುಗಿಸಬೇಕೆಂದು ಎರಡೆರಡು ತುರುಕಿಕೊಂಡ.

ಸಂಗಮ್ಮ ಡಬ್ಬಿಗಾಗಿ ಬಂದು ನಿಂತಿದ್ದಳು. ತಟ್ಟೆಯನ್ನು ನೋಡಿದಳು.

“ಆ ಬೆಳ್ಳನ್ನ ರೊಟ್ಟಿ ಯಾರ ಮನೀದ್ರಿ?”

ಅವನ ಬಾಯಿ ತುಂಬಿತ್ತು. ಕಸ ಗುಡಿಸುತ್ತಿದ್ದ ಕರುಣಮ್ಮ ಬಾಗಿಲಿಂದ ಹೇಳಿದಳು, “ನಮ್ಮ ಮನೀದು ಸಂಗಮ್ಮಕ್ಕ. ನಾನೇ ಮಾಡೀನಿ.”

“ಹೌದಾ.” ಸಂಗಮ್ಮ ಮತ್ತೆ ತಟ್ಟೆಯತ್ತ ನೋಡಿದಳು. “ನಾನೂ ಅದನ್ನ ತಗೊಂಡೆ ನೋಡವ್ವ. ಎಲ್ಲಾರೂ ತಗೊಳ್ಳಾಕತ್ತಿದ್ರು.” ಆಮೇಲೆ ಅವನಿಗೆ, “ನನ್ನ ಪಾಳಿ ಮತ್ತ ಯಾವಾಗರಿ?”

ಇಪ್ಪತ್ಮೂರು ತಿಂಗಳು ಎಂದು ಅವನು ಹೇಳಹೋದ. ಒಣ ಹಿಟ್ಟು ಗಂಟಲಿಗೆ ಸಿಕ್ಕಿ ಕೆಮ್ಮು ಬಂತು. ಕಣ್ಣಲ್ಲಿ ನೀರು ಬಂತು. ಸಂಗಮ್ಮ ಗಡಬಡಿಸಿ ಕೈಚೀಲದಿಂದ ತನ್ನ ನೀರಿನ ಬಾಟಲಿ ತೆಗೆದು ಮುಚ್ಚಳ ತಿರುವಿ ಅವನ ಕೈಗಿತ್ತಳು. “ಕುಡೀರಿ, ಮೊದಲ ಕುಡೀರಿ.”

ದೇವಪುತ್ರ ಬಾಟಲಿ ತೆಗೆದುಕೊಂಡ. ಅವನ ಕೈ ಅದನ್ನು ಮೇಲೆತ್ತಿತು. ಸಭೆಯ ಆ ಬಟ್ಟಲೊಂದನ್ನು ಬಿಟ್ಟರೆ ಹುಟ್ಟಿದಾಗಿನಿಂದ ಎತ್ತಿಯೇ ಕುಡಿದವನು, ಹೆಂಡತಿಯ ತಂಬಿಗೆಯನ್ನೂ ತುಟಿಗೆ ತಾಗಿಸಿದವನಲ್ಲ. ಸಂಗಮ್ಮ ಬಾಟಲಿಯ ಬಾಯಿಗೂ ಅವನ ತುಟಿಗೂ ನಡುವಿನ ನಾಲ್ಕು ಬೆರಳು ಜಾಗವನ್ನು ನೋಡುತ್ತಿದ್ದಳು. ಇಳಿಸಬೇಕು ಎಂದುಕೊಂಡ. ಅಷ್ಟರಲ್ಲಿ ನೀರು ಬೀಳತೊಡಗಿತ್ತು.